ಬಡಬಾಗ್ನಿಯೂ ಕಡಲ ಬೆಳಕೂ

ನಮ್ಮ ಪ್ರಾಚೀನ ಕವಿಗಳ ಸಮುದ್ರವು ಭೂಗೋಳಶಾಸ್ತ್ರದ ಸಮುದ್ರವಲ್ಲ. ಅದರ ಗರ್ಭದಲ್ಲಿ ರತ್ನಗಳಿವೆ. ಇಂದ್ರನಿಗೆ ಅಂಜಿದ ಮೈನಾಕಪರ್ವತವು ಅಲ್ಲಿ ಅಡಗಿದೆ. ಹೆಣ್ಣುಗುದುರೆಯ ಮುಖವುಳ್ಳ ಬಡಬಾಗ್ನಿಯು ಹಗಲಿರುಳೂ ನೀರನ್ನು ಕುಡಿಯುತ್ತ ಉರಿಯುತ್ತಿದೆ. ದಂಡಿಯು ಮಹಾಕಾವ್ಯಕ್ಕೆ ವಿಧಿಸಿದ ವರ್ಣನೆಗಳಲ್ಲಿ ಸಮುದ್ರವೂ ಒಂದಾದುದರಿಂದ, ಕಡಲನ್ನು ಕಾಣದ ಒಳನಾಡಿನ ಕವಿಗೂ ಈ ಬೆಂಕಿಯು ಕೈವಶವಾಯಿತು. ಇದರ ಮೂಲವೇನು, ಕಾವ್ಯದಲ್ಲಿ ಇದರ ಪ್ರಯೋಜನವೇನು ಎಂಬುದೇ ಪ್ರಕೃತ ವಿಷಯವು.

ರಾತ್ರಿಯ ಕಡಲಿನಲ್ಲಿ ಕಾಣುವ ಬೆಳಕನ್ನು ಕಂಡೇ ಪೂರ್ವಿಕರು ಬಡಬಾಗ್ನಿಯನ್ನು ಕಲ್ಪಿಸಿರಬೇಕೆಂದು ಊಹಿಸುವುದು ಸುಲಭ. ಅಂತಹ ಬೆಳಕು ಸುಳ್ಳಲ್ಲ. ೨೦೨೦ನೆಯ ಇಸವಿಯ ನವೆಂಬರ್ ತಿಂಗಳಲ್ಲಿ ನಮ್ಮ ಕರಾವಳಿಯಲ್ಲಿ ಅಲೆಗಳು ನೀಲಿಯಾಗಿ ಹೊಳೆದುದನ್ನು ಅನೇಕರು ಕಂಡರು. ನಾಕ್ಟಿಲೂಕ ಸಿಂಟಿಲ್ಲನ್ಸ್ ಎಂಬ ಏಕಕೋಶಜೀವಿಯು ನೀರು ಕದಡಿದಾಗ ಇಂತಹ ಬೆಳಕನ್ನು ಬೀರುವುದು. ಗಾತ್ರದಲ್ಲಿ ಅದು ಎರಡು ಮಿಲಿಮೀಟರನ್ನು ಮೀರದು. ಇನ್ನೊಂದು ಬಗೆಯ ಬೆಳಕು ಹಾಲಿನಂತೆ ಹರಡಿ, ಕದಡದೆಯೇ ನಿಂತು ಹೊಳೆಯುವುದು. ಬ್ಯಾಕ್ಟೀರಿಯಗಳು ಅದಕ್ಕೆ ಕಾರಣವೆಂದು ಎಣಿಸಲಾಗಿದೆ. ೧೯೯೫ರ ಜನವರಿಯಲ್ಲಿ ಸೊಮಾಲಿಯದ ಆಚೆ ಲಿಮಾ ಎಂಬ ಹಡಗಿನವರು ಕಂಡ ಇಂತಹ ಕಡಲನ್ನು ಉಪಗ್ರಹದ ಚಿತ್ರಗಳಿಂದ ಅಳೆದಾಗ, ಅದರ ವಿಸ್ತಾರವು ಸುಮಾರು ೧೫,೪೦೦ ಚದರ ಕಿಲೋಮೀಟರುಗಳೆಂದು ೨೦೦೫ರಲ್ಲಿ ಪ್ರಕಟವಾಯಿತು.

ಆದರೆ ಈ ಬೆಳಕಿನ ಲಕ್ಷಣಗಳನ್ನೂ ಬಡಬಾಗ್ನಿಯ ಲಕ್ಷಣಗಳನ್ನೂ ಎದುರೆದುರು ಇರಿಸಿ ನೋಡಿದರೆ ಊಹೆಯು ನಿಲ್ಲದು. ಕಡಲ ಬೆಳಕು ಮೇಲಣದು, ಬಡಬಾಗ್ನಿಯು ಒಳಗಣದು. ಆ ಬೆಳಕು ತಣ್ಣಗಿನದು. ಈ ಬೆಂಕಿಯು ಸುಡುವುದು. ಆ ಬೆಳಕಿನಿಂದ ಹನಿ ನೀರೂ ಕಡಮೆಯಾಗದು. ಈ ಬೆಂಕಿಗೆ ನೀರೇ ಇಂಧನವು. ಎಲ್ಲಕ್ಕಿಂತ ಮುಖ್ಯವಾಗಿ, ಆ ಬೆಳಕು ಕಣ್ಣಿಗೆ ಕಾಣುವುದರಿಂದಲೇ ಸೋಜಿಗವಾದುದು. ಬಡಬಾಗ್ನಿಯ ಸೋಜಿಗವಾದರೋ ಅದು ಕಾಣದಿರುವುದರಲ್ಲಿಯೇ ಇದೆ.

ಹಾಗಾದರೆ ಈ ಕಲ್ಪನೆಯು ಎಲ್ಲಿಂದ ಬಂದಿತು? ಕಡಲ ದಡವನ್ನು ಬಿಟ್ಟು ನಮ್ಮ ಬಯಲುಸೀಮೆಗೆ ಬಂದು ವಿಚಾರಿಸೋಣ. ಚನ್ನಗಿರಿ ಸೀಮೆಯ ಸೂಳೆಕೆರೆಗೆ ಶಾಂತಿಸಾಗರವೆಂಬ ಹೆಸರೂ ಉಂಟು. ಸಾಗರವೆನಿಸಿದರೂ ಅದು ತುಂಬಿದರೆ ಕೋಡಿ ಬೀಳಲೇಬೇಕು. ಕೋಡಿಯಿಲ್ಲದ ಕೆರೆಯ ಏರಿ ಉಳಿಯದೆಂಬುದನ್ನು ಅಲ್ಲಿನ ರೈತನಿಗೆ ಯಾರೂ ಕಲಿಸಬೇಕಾಗಿಲ್ಲ. ಹೊನ್ನಾಳಿಯ ದಡದಲ್ಲಿ ನಿಂತವನ ಮುಂದೆ ತುಂಗಭದ್ರೆಯು, ನ್ಯಾಮತಿ ಸೀಮೆಯ ಹಳ್ಳಗಳ ನೀರನ್ನೂ ಕೂಡಿಸಿಕೊಂಡು, ಕೃಷ್ಣೆಯ ಮೂಲಕ ಪೂರ್ವಸಮುದ್ರವನ್ನು ಸೇರಲು ಹರಿಯುತ್ತಿರುವಳು. ಇಷ್ಟು ನದಿಗಳ ನೀರು ಬಿದ್ದರೂ ಸಮುದ್ರವು ಏಕೆ ಕೋಡಿ ಬೀಳದು? ಮಳೆ ವಿರಳವಾದ ಜಗಳೂರಿನವನು ಇದಕ್ಕೆ ಅರ್ಧ ಉತ್ತರವನ್ನು ಬಲ್ಲನು: ಬೇಸಗೆಯಲ್ಲಿ ಕೆರೆಯ ನೀರನ್ನು ತಾಪವೇ ಕುಡಿದುಬಿಡುವುದು. ಅಂತೆಯೇ ಸಮುದ್ರಕ್ಕೂ ಒಂದು ತಾಪವಿರಬೇಕೆಂಬ ತರ್ಕದ ರೂಪವೇ ಬಡಬಾಗ್ನಿಯು. ಅದು ಸಮುದ್ರದ ಕೋಡಿ. ಅದನ್ನು ಕಲ್ಪಿಸುವುದಕ್ಕೆ ಹೊಳೆಯುವ ಅಲೆಯನ್ನು ಕಂಡಿರಬೇಕಾಗಿಲ್ಲ. ಹರಿಯುವ ಹೊಳೆಯನ್ನು ಕಂಡಿದ್ದರೆ ಸಾಕು.

ಸೂರ್ಯನ ತಾಪದಿಂದ ಕಡಲ ನೀರು ಆವಿಯಾಗಿ ಮಳೆಯಾಗುವುದೆಂದು ತಿಳಿದ ಮೇಲೆ ಈ ತರ್ಕವು ಬೇಡವಾಗುವುದಲ್ಲವೆ ಎಂದು ಆಕ್ಷೇಪಿಸಬಹುದು. ರಘುವಂಶದ ೧೩ನೆಯ ಸರ್ಗವನ್ನು ನೋಡಬೇಕು. ಪುಷ್ಪಕವಿಮಾನದಿಂದ ಸೀತೆಗೆ ಸಮುದ್ರವನ್ನು ತೋರಿಸುವ ರಾಮನು, ಸೂರ್ಯಕಿರಣಗಳು ಸಮುದ್ರದಿಂದ ನೀರಿನ ಗರ್ಭವನ್ನು ಧರಿಸುವುವೆಂದು ಹೇಳಿದ ಶ್ಲೋಕದಲ್ಲಿಯೇ ನೀರನ್ನು ಇಂಧನವಾಗಿ ಉಳ್ಳ ಬೆಂಕಿಯನ್ನೂ ಹೇಳುವನು. ನೊರೆ, ತಿಮಿಂಗಿಲ, ಹವಳಗಳನ್ನು ಕಣ್ಣಿಗೆ ಕಟ್ಟುವಂತೆ ವರ್ಣಿಸಿದ ಕವಿಯು ಈ ಬೆಂಕಿಗೆ ಬಣ್ಣವನ್ನಾಗಲಿ ಹೊಳಪನ್ನಾಗಲಿ ಕೊಡಲಿಲ್ಲ. ಮಳೆಯ ಕಾರಣವನ್ನು ಬಲ್ಲವನೂ ಬಡಬಾಗ್ನಿಯನ್ನು ಬಿಡಲಿಲ್ಲವೆಂದರೆ, ಅದಕ್ಕೆ ಕಾವ್ಯದಲ್ಲಿ ಬೇರೊಂದು ಕೆಲಸವಿದ್ದಿತೆಂದೇ ಅರ್ಥ.

ಆ ಕೆಲಸವು ಮಹಾಭಾರತದ ಆದಿಪರ್ವದಿಂದ ತಿಳಿಯುವುದು. ಕ್ಷತ್ರಿಯರು ಭೃಗುವಂಶವನ್ನು ಕೊಂದಾಗ ತಾಯಿಯ ತೊಡೆಯಲ್ಲಿ ಅಡಗಿ ಹುಟ್ಟಿದ ಔರ್ವನು ಲೋಕಗಳನ್ನೇ ಸುಡಲು ನಿಶ್ಚಯಿಸಿದನು. ಪಿತೃಗಳು ತಡೆದರು. ಆದರೆ ಹುಟ್ಟಿದ ಕೋಪವನ್ನು ಇಲ್ಲವೆನ್ನಲು ಅವನಿಂದಾಗದು. ಬಿಟ್ಟರೆ ಲೋಕವು ಉಳಿಯದು. ಆದುದರಿಂದ ಅದನ್ನು ಸಮುದ್ರದಲ್ಲಿ ಇರಿಸಿದನು. ಅಲ್ಲಿ ಅದು ಕುದುರೆಯ ಮುಖವಾಗಿ ನೀರನ್ನು ಕುಡಿಯತೊಡಗಿತು. ಈ ಕಥೆಯನ್ನು ವಸಿಷ್ಠನು ಹೇಳುವುದು ಪರಾಶರನಿಗೆ. ತಂದೆಯನ್ನು ಕಳೆದುಕೊಂಡು ಅವನೂ ಲೋಕನಾಶಕ್ಕೆ ಹೊರಟಿದ್ದ ಸಮಯದಲ್ಲಿ. ನ್ಯಾಯವಾದ ಕೋಪವನ್ನು ಅಳಿಸದೆ, ಹರಿಯಬಿಡದೆ, ಧರಿಸಿರುವ ಗಾಂಭೀರ್ಯವೇ ಇಲ್ಲಿ ಸಮುದ್ರದ ಗುಣವು. ಶಾಕುಂತಲದ ೩ನೆಯ ಅಂಕದಲ್ಲಿ ದುಷ್ಯಂತನು, ಹರನ ಕೋಪಾಗ್ನಿಯು ಮನ್ಮಥನಲ್ಲಿ ಇಂದಿಗೂ ಸಮುದ್ರದೊಳಗಣ ಔರ್ವನಂತೆ ಉರಿಯುತ್ತಿರಬೇಕೆನ್ನುವಾಗಲೂ ಇದೇ ಭಾವವು.

ಆದುದರಿಂದ ಹಳಗನ್ನಡ ಕಾವ್ಯಗಳಿಗೆ ಟಿಪ್ಪಣಿ ಬರೆಯುವವರು ಬಡಬಾಗ್ನಿ ಎಂಬಲ್ಲಿ ಕಡಲ ಬೆಳಕೆಂದು ಬರೆದರೆ, ಶಾಸ್ತ್ರಕ್ಕೂ ಲಾಭವಿಲ್ಲ, ಕಾವ್ಯಕ್ಕೂ ನಷ್ಟವು. ವೀರನೊಬ್ಬನ ಒಳಗಿನ ರೋಷಕ್ಕೆ ಕವಿಯು ಕೊಟ್ಟ ಉಪಮಾನವು ತಣ್ಣಗಿನ ಮಿನುಗಾಗಿ ಹೋಗುವುದು. ಹೊನ್ನಾಳಿ, ಜಗಳೂರುಗಳ ಶಾಲೆಯ ಹುಡುಗನಿಗೆ ಕಡಲನ್ನು ಕಾಣದ ನೀನು ಇದನ್ನು ಅರಿಯಲಾರೆ ಎಂದು ಹೇಳಿದಂತೆಯೂ ಆಗುವುದು. ಅವನಿಗೆ ಕೆರೆಯ ಕೋಡಿಯನ್ನು ತೋರಿಸಿ, ಔರ್ವನ ಕಥೆಯನ್ನು ಹೇಳಿದರೆ ಸಾಕು. ಪದ್ಯದ ಅರ್ಥವು ತಾನಾಗಿಯೇ ತಿಳಿಯುವುದು.