ಕಾಲಕ್ಕೆ ಬದಲು ಕಬ್ಬಿಣ

ಬಂಗಾರಪೇಟೆಯಿಂದ ಮಾರಿಕುಪ್ಪಕ್ಕೆ ಹೋಗುವ ರೈಲಿನಿಂದ ಕಾಣುವ ಸಯನೈಡ್ ದಿಬ್ಬಗಳು ಕೆಜಿಎಫ್‌ನ ಚಿನ್ನದ ಕಥೆ ಹೇಳುತ್ತವೆ. ಅದೇ ನೆಲದಡಿ ಕಾಲದಿಂದ ಸುದ್ದಿ ತೆಗೆಯುವ ಸಾಧನವೂ ಇತ್ತೆಂಬುದು ನಾವು ಇನ್ನೂ ಹೆಮ್ಮೆಪಡಬೇಕಾದ ಸಂಗತಿ. 1980ರಲ್ಲಿ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆ ಮತ್ತು ಜಪಾನಿನ ಒಸಾಕಾದ ವಿಜ್ಞಾನಿಗಳು ಸುಮಾರು 2.3 ಕಿಲೋಮೀಟರ್ ಆಳದಲ್ಲಿ 140 ಟನ್ನಿನ ಶೋಧಕ ನಿಲ್ಲಿಸಿದರು. ಅನಿಲ ತುಂಬಿದ ಸುಮಾರು 1600 ಕಬ್ಬಿಣದ ಕೊಳವೆಗಳನ್ನು, ಒಂದು ಸಾಲು ಉದ್ದಕ್ಕೆ, ಮೇಲಿನದು ಅಡ್ಡಕ್ಕೆ, ಹೀಗೆ ಪೇರಿಸಿದ್ದರು. ಪ್ರೋಟಾನ್ ಎಂದಾದರೂ ಸಾಯುತ್ತದೆಯೇ ಎಂಬುದು ಪ್ರಶ್ನೆ. ಅದರ ಆಯುಸ್ಸು 1ರ ಮುಂದೆ 31 ಸೊನ್ನೆಯಷ್ಟು ವರ್ಷ ಎಂದಿಟ್ಟುಕೊಂಡರೆ, ಒಂದು ಕಣದ ಮುಂದೆ ಕಾದು ಕೂತು ಫಲವಿಲ್ಲ. ವಿಶ್ವಕ್ಕೇ ಅಷ್ಟು ವಯಸ್ಸಾಗಿಲ್ಲ. ಆದರೆ 140 ಟನ್ನಿನಲ್ಲಿ ಪ್ರೋಟಾನು, ನ್ಯೂಟ್ರಾನು ಸೇರಿ 8ರ ಮುಂದೆ 31 ಸೊನ್ನೆಯಷ್ಟು ಕಣಗಳಿವೆ. ವರ್ಷಕ್ಕೆ ಏಳೆಂಟಾದರೂ ಒಡೆಯಬೇಕು. ಕಾಲದ ಕೊರತೆಯನ್ನು ರಾಶಿಯಿಂದ ತುಂಬುವ ಈ ಲೆಕ್ಕದ ಚೆಲುವಿಗೆ ಮನಸೋಲದಿರುವುದು ಕಷ್ಟ.

ಇದು ಬರೀ ಸಂಭವನೀಯತೆಯ ಲೆಕ್ಕ ಎನ್ನಬಹುದು. ನಿಜ, ಆದರೆ ಲೆಕ್ಕ ನಿಲ್ಲಲು ಬೇರೆ ಕಣಗಳ ಗದ್ದಲವಿಲ್ಲದ ಮೌನ ಬೇಕು. ಆಕಾಶದಿಂದ ನೆಲದ ಮೇಲೆ ಸುರಿಯುವ ಕಣಗಳಾದ ಮ್ಯೂಆನ್‌ಗಳನ್ನು ಕೋಲಾರದ ಬಂಡೆ ತಡೆದು, ದಿನಕ್ಕೆ ಕೆಲವನ್ನಷ್ಟೇ ಬಿಡುತ್ತಿತ್ತು. 1965ರಲ್ಲಿ ವಾತಾವರಣದ ನ್ಯೂಟ್ರಿನೊಗಳ ಗುರುತು ಇಲ್ಲಿ ಸಿಕ್ಕಿದ್ದೂ ಆ ಮೌನದಿಂದಲೇ. ಇಲ್ಲಿಯವರು ಪ್ರೋಟಾನ್ ಕ್ಷಯವಿರಬಹುದೆಂದ ಘಟನೆಗಳನ್ನು ದೊಡ್ಡ ಶೋಧಕಗಳು ದೃಢಪಡಿಸಲಿಲ್ಲವೆಂಬ ಆಕ್ಷೇಪಣೆ ಇನ್ನೂ ಗಟ್ಟಿ. ಅದನ್ನು ಒಪ್ಪಲೇಬೇಕು. ಆದರೂ ಆ ಪ್ರಶ್ನೆಗೆಂದೇ ಕಟ್ಟಿದ ಮೊದಲ ಶೋಧಕಗಳಲ್ಲಿ ಇದೂ ಒಂದು. ಜಪಾನಿನ ಸೂಪರ್ ಕಾಮಿಯೊಕಾಂಡೆ ಶೋಧಕವೂ ಆಳ ಮತ್ತು ರಾಶಿಯನ್ನು ನಂಬಿಯೇ ಇಂದಿಗೂ ಕಾಯುತ್ತಿದೆ.