ಮುತ್ತು ಕಳಚಿದ ಮೇಲೆ

ಬೆಳಗಾವಿ ಸೀಮೆಯ ಹೆಣ್ಣಿನ ಹೋರಾಟ ಎಂದೊಡನೆ ಕಣ್ಣಿಗೆ ಕಟ್ಟುವುದು ಕುದುರೆ ಮತ್ತು ಕತ್ತಿ. ಕಿತ್ತೂರಲ್ಲಿ ಪ್ರತಿ ಅಕ್ಟೋಬರ್ 23ಕ್ಕೆ ಚೆನ್ನಮ್ಮನ ಉತ್ಸವ, ಬೈಲಹೊಂಗಲದಲ್ಲಿ ಆಕೆಯ ಸಮಾಧಿ, ಪಕ್ಕದ ಬೆಳವಡಿಯಲ್ಲಿ ಮಲ್ಲಮ್ಮನ ನೆನಪು. ಈ ಅಭಿಮಾನ ಸಹಜವಾದದ್ದೇ. ಆದರೆ ಕಳೆದ ಮೂರು ದಶಕಗಳಲ್ಲಿ ಈ ನೆಲದ ಹೆಂಗಸರು ನಡೆಸಿದ ಬಹು ದೊಡ್ಡ ಹೋರಾಟದಲ್ಲಿ ರಾಣಿಯರಿರಲಿಲ್ಲ. ಅದರ ಕೇಂದ್ರ ಸವದತ್ತಿಯ ಯಲ್ಲಮ್ಮನ ಗುಡ್ಡ. ಅದನ್ನು ಮುನ್ನಡೆಸಿದವರು ಚಿಕ್ಕಂದಿನಲ್ಲೇ ಕೊರಳಿಗೆ ಮುತ್ತು ಕಟ್ಟಿಸಿಕೊಂಡು ಯಲ್ಲಮ್ಮನ ದೇವದಾಸಿಯರಾಗಿದ್ದ ಹೆಣ್ಣುಮಕ್ಕಳು, ಅದರಲ್ಲೂ ಹೆಚ್ಚಿನವರು ದಲಿತರು.

ಕಾನೂನಿಗೇನೂ ಬರವಿರಲಿಲ್ಲ. ಮುಂಬೈ ಪ್ರಾಂತದಲ್ಲಿ 1934ರಲ್ಲೇ ದೇವದಾಸಿ ರಕ್ಷಣಾ ಕಾಯ್ದೆ ಬಂದಿತ್ತು. ಬೆಳಗಾವಿ ಆಗ ಅದೇ ಪ್ರಾಂತದಲ್ಲಿತ್ತು. ಕರ್ನಾಟಕದ ಕಾಯ್ದೆ 1982ರಲ್ಲಿ ಬಂತು. ಅದರಲ್ಲಿ ಮುತ್ತು ಕಟ್ಟುವುದಕ್ಕೆ ನೆರವಾದವರಿಗೆ ಮೂರು ವರ್ಷದವರೆಗೆ ಸೆರೆಮನೆ ಇತ್ತು. ಹೆತ್ತವರು, ಪೋಷಕರು, ಬಂಧುಗಳಾದರೆ ಎರಡರಿಂದ ಐದು ವರ್ಷ. ಮೇಲುನೋಟಕ್ಕೆ ಇದು ನ್ಯಾಯವೆಂದೇ ಕಾಣುತ್ತಿತ್ತು. ಆದರೆ ಆ ಹೆತ್ತವಳು ಯಾರು? ಬಹಳಷ್ಟು ಸಲ ಆಕೆಯೂ ಮುತ್ತು ಕಟ್ಟಿಸಿಕೊಂಡವಳೇ. ಹೀಗೆ ಕಾಯ್ದೆಯ ಭಾರವಾದ ಏಟು ಬಡವಿ ತಾಯಿಯ ಮೇಲೆ ಬಿತ್ತು. ಪದ್ಧತಿಯಿಂದ ಸುಖ ಪಡೆದ ಊರ ದೊಡ್ಡವರು, ಶಾಸ್ತ್ರದ ಹೊತ್ತಿಗೆ ಅಲ್ಲಿರದಿದ್ದರೆ, ಕೈ ತೊಳೆದುಕೊಂಡು ಉಳಿದರು. ಶಾಸ್ತ್ರವೂ ನಿಲ್ಲಲಿಲ್ಲ, ಗುಡ್ಡದಿಂದ ಮನೆಯೊಳಗೆ ಸರಿಯಿತು. 1993-94ರ ಸರ್ಕಾರಿ ಸಮೀಕ್ಷೆ ರಾಜ್ಯದಲ್ಲಿ 22,873 ದೇವದಾಸಿಯರನ್ನು ಗುರುತಿಸಿತು. 2007-08ರಲ್ಲಿ ಇನ್ನೂ 23,787 ಹೆಸರುಗಳು ಸೇರಿದವು. ಮೊದಲ ಎಣಿಕೆ ಎಷ್ಟು ಜನರನ್ನು ಕಾಣದೆ ಹೋಗಿತ್ತು ಎಂಬುದಕ್ಕೆ ಬೇರೆ ಪುರಾವೆ ಬೇಕಿಲ್ಲ.

ಬದಲಾವಣೆಗೆ ಕಸುವು ಬಂದದ್ದು ಈ ಹೆಂಗಸರೇ ಸಂಘ ಕಟ್ಟಿದಾಗ. 1990ರ ದಶಕದ ಆರಂಭದಲ್ಲಿ ರಾಜ್ಯ ಮಹಿಳಾ ಅಭಿವೃದ್ಧಿ ನಿಗಮ ಮತ್ತು ಮೈರಾಡ ಸಂಸ್ಥೆ ಜಿಲ್ಲೆಯಲ್ಲಿ ಪುನರ್ವಸತಿ ಕೆಲಸ ಶುರು ಮಾಡಿದವು. ಅದರಿಂದ ಬೆಳೆದದ್ದೇ 1997ರಲ್ಲಿ ಘಟಪ್ರಭಾದಲ್ಲಿ ಹುಟ್ಟಿದ ಮಹಿಳಾ ಅಭಿವೃದ್ಧಿ ಮತ್ತು ಸಂರಕ್ಷಣಾ ಸಂಸ್ಥೆ, ಜನರ ಬಾಯಲ್ಲಿ ‘ಮಾಸ್’. ಸದಸ್ಯರೂ ಪದಾಧಿಕಾರಿಗಳೂ ಮಾಜಿ ದೇವದಾಸಿಯರೇ. ವಾರದ ಉಳಿತಾಯ, ಸಾಲ, ಮಕ್ಕಳ ಓದು, ಹುಣ್ಣಿಮೆ ಜಾತ್ರೆಗಳಲ್ಲಿ ಕಣ್ಗಾವಲು. ಯಾವ ಮನೆಯಲ್ಲಿ ಹುಡುಗಿಯ ಬಗ್ಗೆ ಗುಸುಗುಸು ನಡೆದಿದೆ ಎಂಬುದು ಪೊಲೀಸರಿಗಿಂತ ಮೊದಲು ಇವರ ಕಿವಿಗೆ ಬೀಳುತ್ತಿತ್ತು, ಏಕೆಂದರೆ ಇವರು ಅದೇ ಓಣಿಯವರು. ಏಳನೆಯ ವಯಸ್ಸಿನಲ್ಲಿ ಮುತ್ತು ಕಟ್ಟಿಸಿಕೊಂಡಿದ್ದ ಸೀತವ್ವ ಜೋಡಟ್ಟಿ ಈ ಸಂಸ್ಥೆಯ ಮುಂದಾಳಾದರು. 2018ರಲ್ಲಿ ಅವರಿಗೆ ಪದ್ಮಶ್ರೀ ಬಂತು.

ನೊಂದವರೇ ಎದ್ದು ನಿಂತು ಮಾತಾಡಿದಾಗ ಚಳವಳಿಯ ಗತಿಯೇ ಬದಲಾದದ್ದಕ್ಕೆ ದೂರದ ಉದಾಹರಣೆಯೂ ಇದೆ. 1909ರ ನವೆಂಬರಿನಲ್ಲಿ ನ್ಯೂಯಾರ್ಕಿನ ಕೂಪರ್ ಯೂನಿಯನ್ ಸಭೆಯಲ್ಲಿ ನಾಯಕರ ಭಾಷಣಗಳು ಮುಗಿಯುವಂತೆಯೇ ಇರಲಿಲ್ಲ. ಆಗ ಕ್ಲಾರಾ ಲೆಮ್ಲಿಕ್ ಎಂಬ ಯಹೂದಿ ಹೊಲಿಗೆ ಕೆಲಸಗಾರ್ತಿ ಎದ್ದು, ತನ್ನ ಮನೆಮಾತು ಯಿಡ್ಡಿಷ್‌ನಲ್ಲಿ ಮುಷ್ಕರಕ್ಕೆ ಕರೆ ಕೊಟ್ಟಳು. ಇಪ್ಪತ್ತು ಸಾವಿರದಷ್ಟು ಕೆಲಸಗಾರರು ಬೀದಿಗಿಳಿದರು, ಅವರಲ್ಲಿ ಹೆಚ್ಚಿನವರು ಯಹೂದಿ ಹುಡುಗಿಯರು. ಘಟಪ್ರಭೆಯ ಹೆಂಗಸರ ಶಕ್ತಿಯೂ ಇದೇ ಬಗೆಯದು.

ಆದರೂ ಒಂದು ನಷ್ಟವನ್ನು ಈ ಸುಧಾರಣೆ ಲೆಕ್ಕಕ್ಕೇ ಹಿಡಿಯಲಿಲ್ಲ. ಯಲ್ಲಮ್ಮನ ಹೆಸರಿನಲ್ಲಿ ಮುತ್ತು ಕಟ್ಟಿಸಿಕೊಂಡ ಜೋಗತಿಯ ಎಡಗಂಕುಳಲ್ಲಿ ಒಂದು ಚೌಡಿಕೆ ಇರುತ್ತದೆ: ಒಂದು ಕಡೆ ಚರ್ಮ ಬಿಗಿದ ಮರದ ಕೊಳಗ, ಅದಕ್ಕೊಂದೇ ತಂತಿ. ತಂತಿಯನ್ನು ಬಿಗಿಗೊಳಿಸುತ್ತ ಸಡಿಲಿಸುತ್ತ ಮೀಟಿದರೆ ನಾದ ಏರುತ್ತದೆ, ಇಳಿಯುತ್ತದೆ. ಯಲ್ಲಮ್ಮನ ಕಥೆಯನ್ನು ರಾತ್ರಿಯಿಡೀ ಹಾಡುತ್ತ ಉಳಿಸಿಕೊಂಡು ಬಂದದ್ದು ಈ ಒಂಟಿ ತಂತಿಯ ಮೇಲೆ. ಅಮೆರಿಕದ ಮಾನವಶಾಸ್ತ್ರಜ್ಞೆ ಲುಸಿಂಡಾ ರಾಂಬರ್ಗ್ ಜೋಗತಿಯರ ಕುರಿತ ತಮ್ಮ 2014ರ ಪುಸ್ತಕದಲ್ಲಿ ಎತ್ತುವ ಪ್ರಶ್ನೆ ಇದೇ ದಿಕ್ಕಿನದು. ಸುಧಾರಕರು ದೇವಿಯ ಗುರುತೆನ್ನುವ ಜಡೆ ಕತ್ತರಿಸಿ, ಪೂಜೆ ಬಿಡಿಸಿದಾಗ ಆಕೆಗೆ ಊರಲ್ಲಿದ್ದ ಪೂಜಾರಿಣಿಯ ಅಧಿಕಾರವೂ ಹೋಯಿತು. ಗಂಡುಮಕ್ಕಳಿಲ್ಲದ ಮನೆಯಲ್ಲಿ ಮಗನ ಸ್ಥಾನದಲ್ಲಿ ನಿಂತು ಹೊಲ-ಮನೆಗೆ ವಾರಸುದಾರಳಾಗುತ್ತಿದ್ದ ದಾರಿಯನ್ನೂ ಆ ಪುಸ್ತಕ ನೆನಪಿಸುತ್ತದೆ. ಇದು ಒಪ್ಪಬೇಕಾದ ಮಾತು. ಆದರೆ ಆ ಅಧಿಕಾರಕ್ಕೆ ತೆತ್ತ ಬೆಲೆ ಏಳೆಂಟು ವರ್ಷದ ಮಗುವಿನ ಬಾಳು. ಆ ಬೆಲೆಯ ಮುಂದೆ ಯಾವ ಗೌರವವೂ ನಿಲ್ಲುವುದಿಲ್ಲ ಎಂಬ ಸಂಘದ ಹೆಂಗಸರ ನಿಲುವೇ ಹೆಚ್ಚು ಗಟ್ಟಿ.

ನಿಜವಾದ ಕೊರತೆ ಬೇರೆ ಕಡೆ ಇದೆ. ಪದ್ಧತಿಯನ್ನು ಕಿತ್ತುಕೊಂಡ ಸರ್ಕಾರ ಅದರ ಜಾಗದಲ್ಲಿ ಭೂಮಿ ಕೊಡಲಿಲ್ಲ. ಮಾಸಾಶನ ಕೊಟ್ಟಿತು, ದೇವದಾಸಿಯನ್ನು ಮದುವೆಯಾಗುವವನಿಗೆ ಪ್ರೋತ್ಸಾಹಧನವನ್ನೂ ಕೊಟ್ಟಿತು. ಗಂಡನೊಬ್ಬನನ್ನು ಹುಡುಕಿಕೊಟ್ಟರೆ ಪುನರ್ವಸತಿ ಆದಂತೆ ಎಂಬ ಈ ಯೋಚನೆ ಹೆಣ್ಣಿನ ದುಡಿಮೆಯನ್ನೂ ಆಕೆಯ ಸಂಘವನ್ನೂ ಕಡೆಗಣಿಸಿತು. ಕಲೆಯ ವಿಷಯದಲ್ಲೂ ಇದೇ ಗೊಂದಲ. ಕಲಾವಿದೆ ಜೋಗತಿ ಮಂಜಮ್ಮನವರಿಗೆ 2021ರಲ್ಲಿ ಪದ್ಮಶ್ರೀ ಬಂದಾಗ ನಾಡು ಹೆಮ್ಮೆಪಟ್ಟಿತು. ಆದರೆ ಸವದತ್ತಿ, ರಾಮದುರ್ಗದ ಹಳ್ಳಿಗಳಲ್ಲಿ ಚೌಡಿಕೆ ಹಿಡಿದ ವಯಸ್ಸಾದ ಹೆಂಗಸು ಇಂದಿಗೂ ಅನುಮಾನದ ಕಣ್ಣಿನಡಿಯಲ್ಲೇ ಹಾಡಬೇಕು. ಮುತ್ತು ಕಟ್ಟುವುದು ಅಪರಾಧ, ಹಾಡುವುದು ಅಪರಾಧವಲ್ಲ. ಈ ಗೆರೆಯನ್ನು ಚಳವಳಿಯೂ ಇಲಾಖೆಯೂ ಸ್ಪಷ್ಟವಾಗಿ ಎಳೆಯಬೇಕಿತ್ತು.

ಯಲ್ಲಮ್ಮನ ಗುಡ್ಡದ ಪ್ರವಾಸೋದ್ಯಮಕ್ಕೆ 2024ರಲ್ಲಿ ಕೇಂದ್ರ ಸರ್ಕಾರ 100 ಕೋಟಿ ರೂಪಾಯಿ ಮಂಜೂರು ಮಾಡಿದೆ. ಆ ಹಣದ ಒಂದು ಪಾಲಾದರೂ ಚೌಡಿಕೆ ಪದಗಳ ದಾಖಲಾತಿಗೆ, ಹಾಡುವವರ ಗೌರವಧನಕ್ಕೆ ಸಲ್ಲಬೇಕು. ಗುಡ್ಡದ ಬಗ್ಗೆ ತೀರ್ಮಾನ ಮಾಡುವ ಸಮಿತಿಗಳಲ್ಲಿ ಮಾಜಿ ದೇವದಾಸಿಯರಿಗೆ ಕುರ್ಚಿ ಇರಬೇಕು, ಮತ ಹಾಕುವ ಹಕ್ಕಿನ ಸಮೇತ.