ಗೋಧಿ ಬೆಳೆದ ನೆಲದಲ್ಲೊಂದು ಬಡಾವಣೆ

1982ರ ಬೇಸಿಗೆಯಲ್ಲಿ ನ್ಯೂಯಾರ್ಕಿನ ವಾಲ್ ಸ್ಟ್ರೀಟಿನಿಂದ ಕೂಗಳತೆ ದೂರದಲ್ಲಿ ಗೋಧಿ ತೆನೆ ತೂಗುತ್ತಿತ್ತು. ಆಗ್ನೆಸ್ ಡೆನೆಸ್ ಎಂಬ ಕಲಾವಿದೆ ಹಡ್ಸನ್ ನದಿಯ ದಡದಲ್ಲಿ ಕಲ್ಲುಕಸ ಆಯ್ದು, ಲಾರಿಗಳಲ್ಲಿ ಮಣ್ಣು ತರಿಸಿ, ಎರಡು ಎಕರೆಯಲ್ಲಿ 285 ಸಾಲು ತೋಡಿ ಕೈಯಾರೆ ಬೀಜ ಬಿತ್ತಿದ್ದರು. ಆಗಸ್ಟ್‌ನಲ್ಲಿ ಕೊಯ್ಲಾಯಿತು. ಇಷ್ಟು ಬೆಲೆಬಾಳುವ ನೆಲವನ್ನು ಯಾರಿಗಾಗಿ, ಯಾತಕ್ಕಾಗಿ ಬಳಸಬೇಕು ಎಂಬುದು ಆ ಬೆಳೆಯ ಪ್ರಶ್ನೆ. ಅದಕ್ಕೆ ನಗರ ಕೊಟ್ಟ ಉತ್ತರವೇ ಅದೇ ದಡದಲ್ಲಿ ಎದ್ದ ಬ್ಯಾಟರಿ ಪಾರ್ಕ್ ಸಿಟಿ ಬಡಾವಣೆ.

ಈ 92 ಎಕರೆ ನೆಲ ಮೊದಲು ಇರಲೇ ಇಲ್ಲ. ಪಾಳುಬಿದ್ದ ಹಡಗುಕಟ್ಟೆಗಳಿದ್ದ ಕಡೆ, ವರ್ಲ್ಡ್ ಟ್ರೇಡ್ ಸೆಂಟರಿನ ಪಾಯಕ್ಕೆ ಅಗೆದ ಮಣ್ಣನ್ನೂ ಬಂದರಿನ ತಳದಿಂದ ಎತ್ತಿದ ಮರಳನ್ನೂ ಸುರಿದು ಎಬ್ಬಿಸಿದ್ದು. ಇದಕ್ಕೆಂದೇ ರಾಜ್ಯ ಸರ್ಕಾರ 1968ರಲ್ಲಿ ಪ್ರಾಧಿಕಾರ ರಚಿಸಿತು. ಅಷ್ಟರಲ್ಲಿ ನಗರದ ಬೊಕ್ಕಸ ಬರಿದಾಯಿತು; ನೆಲ ವರ್ಷಗಟ್ಟಲೆ ಬಣಗುಟ್ಟಿತು.

ಕೆಲಸಕ್ಕೆ ಜೀವ ತಂದದ್ದು ಅಲೆಕ್ಸಾಂಡರ್ ಕೂಪರ್ ಮತ್ತು ಸ್ಟಾಂಟನ್ ಎಕ್‌ಸ್ಟಟ್ ಬರೆದ 1979ರ ನಕ್ಷೆ. ಹಿಂದಿನ ನಕ್ಷೆಯ ಭಾರೀ ಗೋಪುರಗಳನ್ನು ಅವರು ಬದಿಗಿಟ್ಟರು. ಮ್ಯಾನ್‌ಹಟನ್ನಿನ ರಸ್ತೆಗಳ ಜಾಡನ್ನೇ ನೀರಿನವರೆಗೆ ಎಳೆದರು. ನೆಲವನ್ನು ನಿವೇಶನಗಳಾಗಿ ಸೀಳಿ ಬೇರೆ ಬೇರೆ ಬಿಲ್ಡರುಗಳಿಗೆ ಭೋಗ್ಯಕ್ಕೆ ಕೊಡುವ ದಾರಿ ಹಿಡಿದರು. ಕಟ್ಟಡದ ಬುಡಕ್ಕೆ ಕಲ್ಲು, ಮೇಲೆ ಇಟ್ಟಿಗೆ ಎಂಬಂಥ ನಿಯಮಗಳು ಮಾತ್ರ ಎಲ್ಲರಿಗೂ ಒಂದೇ. ಹೊಸ ಊರನ್ನು ಹಳೆಯ ಊರಿನ ವ್ಯಾಕರಣದಲ್ಲಿ ಬರೆಯುವ ಈ ಹಟ ಇವತ್ತಿಗೂ ಮೆಚ್ಚತಕ್ಕದ್ದೇ.

ಅದರ ಫಲ ನದಿಯಂಚಿನ ಸುಮಾರು ಎರಡು ಕಿಲೋಮೀಟರ್ ಕಾಲುದಾರಿಯಲ್ಲಿ ಕಾಣುತ್ತದೆ. ಕಾಲಡಿ ಆರು ಮೂಲೆಯ ಬಿಲ್ಲೆಗಳು, ಸೆಂಟ್ರಲ್ ಪಾರ್ಕಿನ ಮಾದರಿಯ ದೀಪಕಂಬಗಳು, ನಡುನಡುವೆ ಮರದ ಬೆಂಚುಗಳು. ಬೆರಗುಗೊಳಿಸುವ ಹೊಸ ವಸ್ತು ಒಂದೂ ಇಲ್ಲ. ಹಾಗಾಗಿಯೇ ಕಣ್ಣು ನೇರ ನದಿಗೆ ಹೋಗುತ್ತದೆ. ತೆಂಕಣ ತುದಿಯ ಸೌತ್ ಕೋವ್‌ನಲ್ಲಿ ಈ ಸಂಯಮ ಕಲೆಯಾಗಿದೆ. 1988ರಲ್ಲಿ ಕಲಾವಿದೆ ಮೇರಿ ಮಿಸ್ ಇತರರೊಡನೆ ಸೇರಿ ರೂಪಿಸಿದ ಈ ಪುಟ್ಟ ಕೊಲ್ಲಿಯಲ್ಲಿ ದಾರಿ ಬಾಗಿ ಮರದ ಹಾಸಾಗುತ್ತದೆ, ಬಂಡೆ ಮತ್ತು ಹುಲ್ಲಿನ ನಡುವೆ ಇಳಿಯುತ್ತದೆ. ಸಂಜೆ ಹೊತ್ತಿಕೊಳ್ಳುವ ನೀಲಿ ದೀಪಗಳ ಕೆಳಗೆ ನಿಂತರೆ ಅಲೆ ಕಾಲಬುಡದಲ್ಲೇ ಸದ್ದು ಮಾಡುತ್ತದೆ. ಟಿಕೆಟಿಲ್ಲ, ಗೇಟಿಲ್ಲ.

ಬೆನ್ನು ತಿರುಗಿಸಿ ಊರಿನತ್ತ ನೋಡಿದರೆ ಚಿತ್ರ ಬೇರೆ. ನದಿಗೆ ಇಷ್ಟು ಚೆನ್ನಾಗಿ ಮುಖಕೊಟ್ಟ ಬಡಾವಣೆ ತನ್ನ ನಗರಕ್ಕೆ ಬೆನ್ನು ಕೊಟ್ಟಿದೆ. ನಡುವೆ ವೆಸ್ಟ್ ಸ್ಟ್ರೀಟ್ ಎಂಬ ಹೆದ್ದಾರಿ ಹರಿಯುತ್ತದೆ. ನಕ್ಷೆಯಲ್ಲಿ ಒಂದಾದ ರಸ್ತೆಗಳನ್ನು ಅದು ನೆಲದ ಮೇಲೆ ಕತ್ತರಿಸಿ ಹಾಕುತ್ತದೆ. ಸಿಗ್ನಲ್ಲಿಗೆ ಕಾದು ಇಲ್ಲವೇ ಮೇಲುಸೇತುವೆ ಹತ್ತಿ ದಾಟಬೇಕು. ಮ್ಯಾನ್‌ಹಟನ್ನಿನ ಗಲಾಟೆ, ಗುಜರಿ, ತಳ್ಳುಗಾಡಿಯ ವಾಸನೆ ಆಚೆಯೇ ಉಳಿಯುತ್ತದೆ. ಇಲ್ಲಿಯ ನೆಮ್ಮದಿಯ ಗುಟ್ಟೂ ಅದೇ, ಕೊರತೆಯೂ ಅದೇ.

ದೊಡ್ಡ ತಕರಾರು ಮನೆಗಳದ್ದು. ಮನೆಗಳಲ್ಲಿ ಮೂರನೇ ಎರಡು ಪಾಲು ಕೆಳ ಮತ್ತು ಮಧ್ಯಮ ಆದಾಯದವರಿಗೆ ಎಂದು ಮೊದಲು ಮಾತಾಗಿತ್ತು. 1979ರ ನಂತರ ಆ ಮಾತು ಬದಿಗೆ ಸರಿಯಿತು. ಇಲ್ಲಿ ದುಬಾರಿ ಮನೆ ಕಟ್ಟಿ, ಬಂದ ಲಾಭದಲ್ಲಿ ಬಡವರಿಗೆ ಹಾರ್ಲೆಮ್, ಬ್ರಾಂಕ್ಸ್ ಕಡೆ ಮನೆ ಮಾಡಿಕೊಡೋಣ ಎಂಬ ಲೆಕ್ಕ ಬಂತು. ಅಲ್ಲಿ ಮನೆಗಳೂ ಆದವು, ಸುಳ್ಳಲ್ಲ. ಬೆಲೆಯೇರಿದ ನೆಲದಲ್ಲಿ ಒಂದು ಮನೆ ಕಟ್ಟುವ ದುಡ್ಡಿಗೆ ಬೇರೆಡೆ ಹೆಚ್ಚು ಮನೆಗಳಾಗುತ್ತವೆ ಎಂಬ ವಾದದಲ್ಲೂ ಹುರುಳಿದೆ. ಆದರೆ ಮಣ್ಣು ಸುರಿಸಿ ನೆಲ ಹುಟ್ಟಿಸಿದ್ದು ಸರ್ಕಾರಿ ಸಂಸ್ಥೆ. ಅಂಥ ನೆಲದಲ್ಲೂ ಬಡವನ ಪಾಲು ಹಣವಾಗಿ ಬೇರೆಡೆಗೆ ಹೋಗಬೇಕೆಂದರೆ ಅದನ್ನು ಹಂಚಿಕೆ ಎನ್ನಲು ಮನಸ್ಸೊಪ್ಪದು. ನದಿಯ ಗಾಳಿಯನ್ನು ಚೆಕ್ಕಿನಲ್ಲಿ ಬರೆದು ಬ್ರಾಂಕ್ಸಿಗೆ ಕಳಿಸಲಾಗದು.

2012ರ ಸ್ಯಾಂಡಿ ಚಂಡಮಾರುತದಲ್ಲಿ ಸುತ್ತಲಿನ ತಗ್ಗುಪ್ರದೇಶ ಮುಳುಗಿದರೂ ಈ ಬಡಾವಣೆ ಬಹುಪಾಲು ಪಾರಾಯಿತು. ತುಂಬಿದ ನೆಲ ಎತ್ತರದಲ್ಲಿತ್ತು. ಮುಂದಿನ ನೆರೆಗಳನ್ನು ತಡೆಯಲೆಂದು ಇಲ್ಲಿನ ವ್ಯಾಗ್ನರ್ ಪಾರ್ಕನ್ನು 2023ರಲ್ಲಿ ಕೆಡವಿ, ಸುಮಾರು 10 ಅಡಿ ಎತ್ತರಿಸಿ ಮರಳಿ ಕಟ್ಟಿದರು. ನೆರಳಿನ ಮರಗಳು ಉರುಳಿದಾಗ ನಿವಾಸಿಗಳು ಸಿಟ್ಟಾದರು. ಸಿಟ್ಟು ಸಹಜ. ಆದರೂ ಉದ್ಯಾನದೊಳಗೇ ತಡೆಗೋಡೆಯನ್ನು ಅಡಗಿಸಿಟ್ಟು ನದಿಯ ನೋಟ ಉಳಿಸಿದ್ದು ಜಾಣತನವೇ.

ದಡದ ಮಟ್ಟಿಗೆ ಬ್ಯಾಟರಿ ಪಾರ್ಕ್ ಸಿಟಿ ನಿಜಕ್ಕೂ ಸಾರ್ವಜನಿಕರ ಕೃತಿ. ಮನೆಗಳ ಮಟ್ಟಿಗೆ ಉಳ್ಳವರ ಕೃತಿ. ಇಲ್ಲಿ ಅಪಾರ್ಟ್‌ಮೆಂಟ್ ಕೊಂಡವರಿಗೂ ಕಾಲಡಿಯ ನೆಲ ಸಿಕ್ಕಿಲ್ಲ. ಅದು ಇಂದಿಗೂ ಪ್ರಾಧಿಕಾರದ್ದು. ಗೇಟ್‌ವೇ ಪ್ಲಾಜಾ ಎಂಬ ಇಲ್ಲಿನ ಸಮುಚ್ಚಯದ ಸುಮಾರು 1,700 ಬಾಡಿಗೆ ಮನೆಗಳಿಗೆ ಬಾಡಿಗೆ ಏರಿಕೆಯಿಂದ ಹಲವು ಬಾರಿ ರಕ್ಷಣೆ ಸಿಕ್ಕಿದ್ದು, ನೆಲದೊಡೆಯನಾದ ಪ್ರಾಧಿಕಾರ ಕಟ್ಟಡದ ಮಾಲೀಕರೊಡನೆ ಚೌಕಾಶಿ ಮಾಡಿದ್ದರಿಂದಲೇ. ಭೋಗ್ಯದ ಪತ್ರ ಸರ್ಕಾರದ ಕೈಯಲ್ಲಿರುವ ತನಕ ಮನೆಗಳ ವಿಷಯದಲ್ಲಿ ಕೈಬಿಟ್ಟ ಮಾತನ್ನು ಮರಳಿ ಎತ್ತಿಕೊಳ್ಳಲು ಅಡ್ಡಿಯಿಲ್ಲ.